ತಟ್ಟೆ ತಿರುಗಿಸಿದ ಕೈ

ಪ್ರಾರ್ಥನೆಯ ಚಾರ್ಟು ಬರೆದು ಮುಗಿಸಿದ ದಿನ ನನ್ನ ಕಾಲು ನೆಲದ ಮೇಲಿರಲಿಲ್ಲ. ಇಂಕು ಒಣಗುವಷ್ಟು ತಾಳ್ಮೆಯೂ ಇಲ್ಲದೆ ಗೋಡೆಗೆ ಅಂಟಿಸಿ, ಅಂಗಿಯ ತೋಳೆಲ್ಲ ನೀಲಿ ಮಾಡಿಕೊಂಡು ಹೆಂಡತಿಯನ್ನು ಕೂಗಿದೆ. "ಬಾ ಇಲ್ಲಿ, ನೋಡು ಬಾ! ಇಪ್ಪತ್ತೊಂದು ದಿನ! ದಿನಕ್ಕೆ ಹದಿನಾರು ಗಂಟೆ! ಒಂದು ನಿಮಿಷ ಖಾಲಿ ಬಿಟ್ಟಿಲ್ಲ!"

ಅವಳು ಸೆರಗಿಗೆ ಕೈ ಒರೆಸಿಕೊಳ್ಳುತ್ತ ಬಂದು ಮೇಲಿಂದ ಕೆಳಗೆ ಓದಿದಳು. "ಹನ್ನೊಂದರಿಂದ ಹನ್ನೊಂದೂವರೆ ಖಾಲಿ ಐತಲ್ಲ?"

ನೋಡಿದೆ. ಖಾಲಿ ಇತ್ತು.

ಹಾರೋಹಳ್ಳಿ ಕೈಗಾರಿಕಾ ಪ್ರದೇಶದ ಹಿಂಬದಿಯಲ್ಲಿ, ತಗಡಿನ ಶೀಟು ಹೊದಿಸಿದ ಒಂದು ಉದ್ದನೆಯ ಕೋಣೆ ನಮ್ಮ ಕ್ರೈಸ್ತ ಸಭೆಯ ಆಲಯ. ನಾನು ಅಲ್ಲಿಯ ಸಭಾಪಾಲಕ. ಎರಡು ಸಾವಿರದ ದಶಕ ಅದು, ದಿನ ಬೆಳಗಾದರೆ ಒಂದೊಂದು ಕಾರ್ಖಾನೆಯ ಕಾಂಪೌಂಡು ಏಳುತ್ತಿತ್ತು. ಜನ ಶಿಫ್ಟಿಗೆ ಸಿಕ್ಕಿ ಭಾನುವಾರದ ಆರಾಧನೆಗೆ ಅರ್ಧದಷ್ಟು ಬೆಂಚುಗಳು ತುಂಬಿದರೆ ಹೆಚ್ಚು. ಹಾಡಿನಲ್ಲಿ ಜೀವವಿಲ್ಲ, ಪ್ರಾರ್ಥನೆಯಲ್ಲಿ ಬೆವರಿಲ್ಲ. ಹೀಗೆಯೇ ಬಿಟ್ಟರೆ ಸಭೆ ಸತ್ತೇ ಹೋಗುತ್ತದೆ, ಉಜ್ಜೀವನ ಬರಬೇಕು ಎಂದು ನನಗೆ ಹುಚ್ಚು ಹಿಡಿಯಿತು. ಉಜ್ಜೀವನಕ್ಕೆ ದಾರಿ ಎರಡೇ ಎಂದು ನಾನೇ ವರ್ಷಗಟ್ಟಲೆ ಬೋಧಿಸಿದ್ದೆ. ಒಂದು, ಪಾಪವನ್ನು ಒಪ್ಪಿಕೊಂಡು ತಿರುಗಿಕೊಳ್ಳುವುದು. ಇನ್ನೊಂದು, ಇತರರಿಗಾಗಿ ದೇವರ ಮುಂದೆ ನಿಂತು ಬೇಡುವುದು, ಅಂದರೆ ಮಧ್ಯಸ್ಥಿಕೆಯ ಪ್ರಾರ್ಥನೆ. ಅದಕ್ಕೇ ಈ ಪ್ರಾರ್ಥನೆಯ ಸರಪಳಿ. ಬೆಳಗಿನ ಐದರಿಂದ ರಾತ್ರಿ ಒಂಬತ್ತರವರೆಗೆ ಒಬ್ಬೊಬ್ಬರು ಅರ್ಧ ಗಂಟೆ ತಮ್ಮ ಮನೆಯಲ್ಲೇ ಪ್ರಾರ್ಥಿಸಬೇಕು. ಮುಗಿದ ಕೂಡಲೇ ಮುಂದಿನವರಿಗೆ ಒಂದು ಮಿಸ್ಡ್ ಕಾಲ್. ಕೊನೆಯ ಭಾನುವಾರ ಎಲ್ಲರೂ ಸೇರಿ ಕರ್ತನ ಭೋಜನ, ಅಂದರೆ ಯೇಸುವಿನ ನೆನಪಿಗೆ ಒಂದೇ ರೊಟ್ಟಿ ಮುರಿದು ತಿಂದು, ದ್ರಾಕ್ಷಿ ರಸ ಹಂಚಿ ಕುಡಿಯುವುದು.

ಆದರೆ ನಿಜ ಹೇಳುತ್ತೇನೆ, ನನ್ನ ಹೊಟ್ಟೆಯೊಳಗಿದ್ದ ಆಸೆ ಒಂದೇ. ಅಜ್ಜಿ ವಾಪಸು ಬರಬೇಕು.

ಅಜ್ಜಿ ದೊಡ್ಡಆಲಹಳ್ಳಿಯವರು, ಊರಾಚೆಯ ಕೇರಿಯವರು. ನಮ್ಮ ಸಭೆ ಹುಟ್ಟಿದ್ದೇ ಅವರ ಜಗಲಿಯಲ್ಲಿ. ಮೊದಲ ಭೋಜನಕ್ಕೆ ನನ್ನ ಬಳಿ ಪಾತ್ರೆ ಇರಲಿಲ್ಲ, ಅಜ್ಜಿಯೇ ಒಳಗಿಂದ ಒಂದು ಸ್ಟೀಲ್ ಲೋಟ ತಂದುಕೊಟ್ಟರು. ಹಾರೋಹಳ್ಳಿಗೆ ಬಂದ ಮೇಲೂ ಹಲವು ವರ್ಷ ಅದೇ ಲೋಟ ಬಾಯಿಂದ ಬಾಯಿಗೆ ಸುತ್ತುತ್ತಿತ್ತು. ಅಜ್ಜಿ ಕನಕಪುರದಲ್ಲಿ ಬಸ್ಸು ಬದಲಿಸಿ, ನಾಲ್ಕು ಮನೆಯವರನ್ನು ಕಟ್ಟಿಕೊಂಡು ಪ್ರತಿ ಭಾನುವಾರ ಬರುತ್ತಿದ್ದರು. ಅವರು ಮಂಡಿಯೂರಿದರೆ ಹಿಂದಿನ ಬೆಂಚಿನಲ್ಲಿ ಪಿಸುಗುಟ್ಟುವವರೂ ಬಾಯಿ ಮುಚ್ಚುತ್ತಿದ್ದರು. ಅಂಥವರು ಎಂಟು ತಿಂಗಳಿಂದ ಇತ್ತ ತಲೆ ಹಾಕಿರಲಿಲ್ಲ. ನಾಲ್ಕು ಮನೆಯವರೂ ಇಲ್ಲ. ಕೇಳಿದರೆ, "ಮಂಡಿ ನೋವು ಕಣಯ್ಯ" ಎಂಬ ಒಂದೇ ಮಾತು.

ಎಂಟು ತಿಂಗಳ ಹಿಂದೆ ಏನಾಯಿತು ಎಂದು ಯಾರಾದರೂ ಕೇಳಿದ್ದರೆ, ಏನೂ ಆಗಿಲ್ಲ ಎನ್ನುತ್ತಿದ್ದೆ. ಆಗಿದ್ದಿಷ್ಟೇ, ಅದಕ್ಕೆ ಒಂದೆರಡು ತಿಂಗಳ ಮುಂಚೆ ಪುಟ್ಟ ಲೋಟಗಳು ಬಂದಿದ್ದವು. ಸಭೆಯ ಹಿರಿಯರೊಬ್ಬರು ಕಾರ್ಖಾನೆಯಲ್ಲಿ ಸೂಪರ್‌ವೈಸರ್, ಜಮೀನಿರುವ ಮನೆತನದವರು. ಆಲಯದ ಜಾಗವೂ ಅವರದು, ಶೀಟೂ ಅವರದು. ಒಂದು ದಿನ ನನ್ನನ್ನು ಪಕ್ಕಕ್ಕೆ ಕರೆದು, "ಎಲ್ಲಾರೂ ಒಂದೇ ಲೋಟಕ್ಕೆ ಬಾಯಿ ಹಾಕೋದು ಆರೋಗ್ಯಕ್ಕೆ ಒಳ್ಳೇದಲ್ಲ, ಏನಂತೀರಿ? ನಮ್ಮನೇಲಿ ಒಸಿ ಮುಜುಗರ" ಎಂದರು. ಆರೋಗ್ಯ ಎಂದರೆ ಯಾರು ಬೇಡ ಅನ್ನುತ್ತಾರೆ? ಚನ್ನಪಟ್ಟಣಕ್ಕೆ ಹೋಗಿ, ಬೊಂಬೆ ಮಾಡುವ ಒಬ್ಬ ಸಾಬರಿಗೆ ಹೆಬ್ಬೆರಳಿನ ಗಾತ್ರದ ಮರದ ಲೋಟಗಳನ್ನು ಮಾಡಲು ಹೇಳಿದೆ. ಅವರು ಅರಗಿನ ಕಡ್ಡಿ ಒತ್ತಿ ಚಕ್ರದಲ್ಲಿ ತಿರುಗಿಸಿ ಅರ್ಧ ಲೋಟಗಳನ್ನು ಕೆಂಪು, ಇನ್ನರ್ಧವನ್ನು ಹಳದಿ ಮಾಡಿಕೊಟ್ಟರು. ಎಷ್ಟು ಚಂದ ಅಂತೀರಿ! ಕಟ್ಟಿಕೊಡುವಾಗ ಒಂದು ಮಾತು ಹೇಳಿದರು. "ಬಿಸಿನೀರು ಹಾಕ್ಬ್ಯಾಡಿ ಸಾಮಿ. ಅರಗು ಬಿಟ್ಕಂಬುಡ್ತದೆ, ಬಣ್ಣ ಖರಾಬ್ ಆಯ್ತದೆ."

ದುಂಡು ತಟ್ಟೆಯಲ್ಲಿ ಒಂದು ಕಡೆ ಕೆಂಪು, ಇನ್ನೊಂದು ಕಡೆ ಹಳದಿ ಜೋಡಿಸಿ ಬೆಂಚಿನಿಂದ ಬೆಂಚಿಗೆ ನಾನೇ ಹಿಡಿಯುತ್ತಿದ್ದೆ. ಮುಂದಿನ ಬೆಂಚುಗಳಿಗೆ ಕೆಂಪು, ಹಿಂದಿನ ಬೆಂಚುಗಳಿಗೆ ಹಳದಿ. ತಾನಾಗಿಯೇ ಹಾಗೆ ಬಿತ್ತು ಎಂದು ನಾನು ನಂಬಿದ್ದೆ. ಹಳೆಯ ಸ್ಟೀಲ್ ಲೋಟವನ್ನು ಅಜ್ಜಿಯ ಕೈಗೆ ಕೊಟ್ಟು, "ನಿಮ್ಮನೇದೇ ಅಲ್ವಾ ಅಜ್ಜಿ, ತಗೊಂಡು ಹೋಗಿ" ಎಂದು ನಕ್ಕಿದ್ದೆ.

ಸರಪಳಿ ಶುರುವಾಯಿತು. ಮೊದಲ ವಾರ ನನಗೆ ಹಬ್ಬ! ಐದಕ್ಕೆ ನಾನು ಪ್ರಾರ್ಥನೆ ಶುರು ಮಾಡಿ ಐದೂವರೆಗೆ ಮಿಸ್ಡ್ ಕಾಲ್ ಕೊಟ್ಟರೆ, ರಾತ್ರಿ ಒಂಬತ್ತಕ್ಕೆ ಸರಿಯಾಗಿ ಕೊನೆಯವರಿಂದ ನನ್ನ ಫೋನಿಗೆ ಒಂದು ರಿಂಗು ಬರುತ್ತಿತ್ತು. ಆ ಒಂದು ರಿಂಗಿಗೆ ಕಾದು ಕೂತಿರುತ್ತಿದ್ದೆ. ಬಂದ ಕೂಡಲೇ "ಸ್ತೋತ್ರ!" ಎಂದು ನಾನು ಕೂಗುವುದು, ಪಕ್ಕದ ಮನೆಯ ನಾಯಿ ಬೊಗಳುವುದು ದಿನದ ರೂಢಿಯಾಯಿತು. ಹನ್ನೊಂದರ ಹೊತ್ತು ಮಾತ್ರ ಯಾರಿಗೂ ಆಗದು, ರಿಂಗು ಅದನ್ನು ಹಾರಿ ಹನ್ನೊಂದೂವರೆಯವರಿಗೆ ಹೋಗುತ್ತಿತ್ತು. ಎ ಶಿಫ್ಟಿನವರು ಕಾರ್ಖಾನೆಯೊಳಗೆ. ಸಿ ಶಿಫ್ಟಿನವರು ನಿದ್ದೆಯಲ್ಲಿ. ಬಿ ಶಿಫ್ಟಿನವರು ಮನೆಯಲ್ಲೇ ಇರುತ್ತಾರೆ, ಆದರೆ ತ್ರೀ ಫೇಸ್ ಕರೆಂಟು ಬಂದು ವಠಾರಗಳ ನಲ್ಲಿಯಲ್ಲಿ ನೀರು ಬಿಡುವುದೇ ಹನ್ನೊಂದಕ್ಕೆ. ಕೊಡ ಬಿಟ್ಟು ಯಾರು ಕಣ್ಣು ಮುಚ್ಚುತ್ತಾರೆ? ಹಿಂದೆಲ್ಲ ಅದು ಅಜ್ಜಿಯ ಹೊತ್ತು. ರೇಷ್ಮೆ ಹುಳಕ್ಕೆ ಸೊಪ್ಪು ಹಾಕಿ, ದಿನಾ ಹನ್ನೊಂದಕ್ಕೆ ಅವರು ಮಂಡಿಯೂರುತ್ತಿದ್ದರು.

ಎರಡನೇ ಸೋಮವಾರ ಸರಪಳಿ ತುಂಡಾಯಿತು. ಶಿಫ್ಟು ವಾರಕ್ಕೊಮ್ಮೆ ತಿರುಗುತ್ತದೆ ಎಂಬುದು ಹಾರೋಹಳ್ಳಿಯ ಬೀದಿನಾಯಿಗೂ ಗೊತ್ತು, ಚಾರ್ಟು ಬರೆದ ನನ್ನ ತಲೆಗೆ ಹೊಳೆದಿರಲಿಲ್ಲ. ಏಳು ಗಂಟೆಯ ಹೆಂಗಸು ಆ ವಾರ ಎ ಶಿಫ್ಟಿಗೆ ಹೋಗಿದ್ದಳು. ಅವಳ ಫೋನು ಗೇಟಿನ ಸೆಕ್ಯೂರಿಟಿಯವನ ಡಬ್ಬಿಯಲ್ಲಿ ಬಡಿದುಕೊಂಡು ಸುಮ್ಮನಾಯಿತು. ಅಲ್ಲಿಂದ ಮುಂದೆ ಎಲ್ಲರೂ ರಿಂಗು ಬರಲಿ ಎಂದು ಕಾದರು, ಬರಲಿಲ್ಲ, ಬಿಟ್ಟರು. ನನಗೆ ಗೊತ್ತಾದದ್ದು ರಾತ್ರಿ ಒಂಬತ್ತಕ್ಕೆ, ನನ್ನ ಫೋನು ಸದ್ದು ಮಾಡದಿದ್ದಾಗ. ನನ್ನ ಬಾಯಿ ಕೆಟ್ಟದ್ದು. ಮಾರನೆಯ ದಿನ ಸಿಕ್ಕಸಿಕ್ಕವರಿಗೆಲ್ಲ ಬೈದೆ. ಭಕ್ತಿ ಇಲ್ಲ, ಭಯ ಇಲ್ಲ, ನಿಮಗೆ ಉಜ್ಜೀವನ ಯಾಕೆ ಎಂದೆಲ್ಲ ಹಾರಾಡಿದೆ.

ಹೆಂಡತಿ ಸುಮ್ಮನೆ ಚಾರ್ಟಿನ ಹಿಂಬದಿಗೆ ಗೀಟು ಎಳೆದಳು. "ಜನದ ಹೆಸ್ರು ಬರೀಬ್ಯಾಡಿ, ಮನೆ ಹೆಸ್ರು ಬರೀರಿ. ಎರಡೆರಡು ಮನೆಗೆ ಒಂದು ಹೊತ್ತು. ಯಾವ ಶಿಫ್ಟಾರ ಇರ್ಲಿ, ಯಾರಾರ ಒಬ್ರು ಇದ್ದೇ ಇರ್ತಾರೆ." ಅರ್ಧ ಗಂಟೆಯಲ್ಲಿ ಎಲ್ಲ ಸರಿಯಾಯಿತು. ಸರಪಳಿ ಮತ್ತೆ ಸುತ್ತತೊಡಗಿತು. ಹನ್ನೊಂದರದನ್ನು ನಾನೇ ಹೊತ್ತುಕೊಂಡೆ.

ಆದರೂ ಏನೋ ಸರಿಯಿರಲಿಲ್ಲ. ಸಂಜೆ ಆಲಯದಲ್ಲಿ ಕೂಡಿದಾಗ ಪ್ರಾರ್ಥನೆಯ ಸದ್ದು ಜೋರಾಗಿತ್ತು, ಒಳಗೆ ಪೊಳ್ಳು. ಕಾಳು ಹಾಕದೆ ಬೀಸಿದ ಕಲ್ಲಿನ ಹಾಗೆ. ನಾನು ಪ್ರತಿ ಮನೆಗೂ ಒಂದು ಪಟ್ಟಿ ಕೊಟ್ಟಿದ್ದೆ, ಯಾರ ಯಾರ ಪಾಪಕ್ಕಾಗಿ ಕ್ಷಮೆ ಬೇಡಬೇಕು ಎಂದು. ಊರಿನ ಕುಡುಕರು, ಜೂಜಾಡುವವರು, ವಿಶ್ವಾಸದಲ್ಲಿ ತಣ್ಣಗಾದ ಯುವಕರು. ಕೊನೆಯ ಸಾಲು ಹೀಗಿತ್ತು: ಸಭೆ ಬಿಟ್ಟು ಹೋದ ದೊಡ್ಡಆಲಹಳ್ಳಿಯವರ ಕಠಿಣ ಹೃದಯ ಕರಗಲಿ. ನಾನೇ ಬರೆದದ್ದು. ಮುದ್ದಾದ ಅಕ್ಷರದಲ್ಲಿ ಬರೆದಿದ್ದೆ.

ಮೂರನೇ ವಾರದ ಗುರುವಾರ ತಾಳಲಾರದೆ ಬಸ್ಸು ಹತ್ತಿದೆ. ಅಜ್ಜಿಯನ್ನು ಒಪ್ಪಿಸಿ ಹನ್ನೊಂದರ ಹೊತ್ತು ಅವರ ಹೆಸರಿಗೆ ಬರೆದುಬಿಡಬೇಕು, ಭಾನುವಾರದ ಭೋಜನಕ್ಕೆ ಕೈ ಹಿಡಿದು ಕರೆತರಬೇಕು ಎಂದು. ಕನಕಪುರದಲ್ಲಿ ಬಸ್ಸು ಬದಲಿಸಿ ದೊಡ್ಡಆಲಹಳ್ಳಿಯಲ್ಲಿ ಇಳಿದಾಗ ಹನ್ನೊಂದು ಹೊಡೆಯಲು ಸ್ವಲ್ಪ ಹೊತ್ತಿತ್ತು.

ಅಜ್ಜಿ ಹುಳದ ಮನೆಯಲ್ಲಿದ್ದರು. ಬಾಗಿಲಲ್ಲಿ ಒಂದು ಬೋಗುಣಿಯಲ್ಲಿ ಬ್ಲೀಚಿಂಗ್ ಪೌಡರ್ ಕಲಸಿದ ನೀರು. "ಕೈ ಅದ್ದಿ ಬನ್ನಿ ಅಯ್ಯಾ. ಹುಳ ನಾಲ್ಕನೇ ಜ್ವರ ಎದ್ದವೆ, ಸೊಪ್ಪು ಹಾಕ್ದೆ ಮಾತಾಡಕ್ಕಾಗಲ್ಲ" ಎಂದರು. ಕೈ ಅದ್ದಿ ಒಳಗೆ ಹೋದೆ. ನಾಲ್ಕನೇ ಸಲ ಪೊರೆ ಕಳಚಿ ಎದ್ದ ಹುಳಗಳಿಗೆ ರಾಕ್ಷಸ ಹಸಿವು, ತಟ್ಟೆ ತಟ್ಟೆಯಲ್ಲೂ ಸರಸರ ಸದ್ದು. ಅಜ್ಜಿ ಹಿಪ್ಪುನೇರಳೆ ಸೊಪ್ಪು ಹರಡುತ್ತ ಮಂಡಿ ನೋವಿನ ಲವಲೇಶವೂ ಇಲ್ಲದೆ ಓಡಾಡುತ್ತಿದ್ದರು. ನನಗೆ ಅಲ್ಲೇ ಅರ್ಥವಾಗಬೇಕಿತ್ತು.

"ಅಜ್ಜಿ, ಹನ್ನೊಂದರ ಹೊತ್ತು ಖಾಲಿ ಇದೆ, ನಾನೇ ಹೇಗೋ ತುಂಬಿಸ್ತಿದ್ದೀನಿ. ನೀವು ಒಪ್ಪಿಕೊಳ್ಳಬೇಕು."

"ಯಾಕೆ ಖಾಲಿ? ನಾನು ದಿನಾ ಮಾಡ್ತಾನೇ ಇವ್ನಿ. ನಿಮ್ಮ ಚಾರ್ಟಲ್ಲಿ ಇಲ್ದಿದ್ರೆ ದ್ಯಾವ್ರಿಗೆ ಕೇಳಾಕಿಲ್ವಾ?"

ನಾನು ಪೆಚ್ಚಾದೆ. "ಯಾರಿಗಾಗಿ ಮಾಡ್ತೀರಿ ಅಜ್ಜಿ?"

"ನಿಮ್ಗೆ. ಸೂಪರ್‌ವೈಸರಪ್ಪಂಗೆ. ಅವನೆಂಡ್ರಿಗೆ ಶುಗರ್ ಅಂತಲ್ಲ, ಆ ಮಗೀಗೆ." ಒಂದು ತಟ್ಟೆ ಮುಗಿಸಿ ಇನ್ನೊಂದಕ್ಕೆ ಬಂದರು. "ನನ್ನ ಎದೆ ಕಲ್ಲಾಗೈತೆ, ಅದು ಕರಗ್ಲಿ ಅಂತ ನೀವು ಮನೆ ಮನೇಲೂ ಪ್ರಾರ್ಥನೆ ಮಾಡಿಸ್ತಿದ್ದೀರಂತೆ? ನನ್ ಮೊಮ್ಮಗ್ಳು ಅಲ್ಲೇ ಗಾರ್ಮೆಂಟ್ಸ್‌ಗೆ ಹೋಯ್ತಾಳಲ್ಲ, ಪಟ್ಟಿ ತೋರ್ಸುದ್ಲು."

ಭೂಮಿ ಬಾಯಿಬಿಡಬಾರದೇ ಅನ್ನಿಸಿತು. ಮಾತು ತಪ್ಪಿಸಲು, "ಹಾಗಾದರೆ ಯಾಕೆ ಬರೋದು ಬಿಟ್ಟಿರಿ? ಆ ಲೋಟದ ವಿಷಯವಾ? ಅದು ಶುಚಿಗೆ ಅಂತ ಮಾಡಿದ್ದಲ್ವಾ ಅಜ್ಜಿ?" ಎಂದೆ.

ಅಜ್ಜಿ ಕೈಲಿದ್ದ ಸೊಪ್ಪು ಕೆಳಗಿಟ್ಟರು. "ಶುಚಿ ಅಂದ್ರೆ ಏನು ಅಂತ ನಂಗೆ ಯೋಳ್ಬ್ಯಾಡಿ ಅಯ್ಯಾ. ಒಬ್ಬ ಕೈ ತೊಳೀದೆ ಒಳಗೆ ಬಂದ್ರೆ ಈ ಹುಳ ಅಷ್ಟೂ ಸಾಯ್ತವೆ. ಅದ್ಕೇ ಬೋಗುಣಿ ಇಟ್ಟಿವ್ನಿ. ಆ ಪುಟ್ಟ ಲೋಟನೆಲ್ಲ ತೊಳೀತಿದ್ದೋಳು ನಾನು. ಬಿಸಿನೀರು ಕೇಳ್ದೆ, ಬ್ಯಾಡ, ಬಣ್ಣ ಹೋಯ್ತದೆ ಅಂದ್ರಿ. ತಣ್ಣೀರಲ್ಲಿ ಅದ್ದಿ ಅದ್ದಿ ಇಡ್ತಿದ್ದೆ. ಅದ್ಯಾವ ಶುಚಿ?"

ಬೋಗುಣಿಗೆ ಅದ್ದಿದ್ದ ಕೈಯನ್ನು ಅಂಗಿಗೆ ಒರೆಸಿಕೊಂಡೆ.

"ಅದೂ ಓಗ್ಲಿ. ಒಂದು ಭಾನುವಾರ ಬಸ್ಸು ತಡವಾಗಿ ಬಂದು, ಹಿಂದೆ ಜಾಗ ಸಿಕ್ದೆ ಮುಂದಿನ ಬೆಂಚಿನ ತುದೀಲಿ ಕುಂತಿದ್ದೆ. ಸೂಪರ್‌ವೈಸರಪ್ಪನ ಪಕ್ಕ. ನೀವು ತಟ್ಟೆ ತಂದ್ರಿ. ಕೆಂಪು ಲೋಟಕ್ಕೆ ಕೈ ನೀಡ್ದೆ. ನೀವು ತಟ್ಟೆ ತಿರುಗಿಸುಬುಟ್ರಿ."

ಅಷ್ಟೇ ಹೇಳಿದ್ದು. ದನಿ ಎತ್ತಲಿಲ್ಲ, ಅಳಲಿಲ್ಲ. ಮತ್ತೆ ಸೊಪ್ಪಿಗೆ ಕೈ ಹಾಕಿದರು.

ತಿರುಗಿಸಿದ್ದೆ. ಎಂಟು ತಿಂಗಳು ಮರೆತಿದ್ದ ಗಳಿಗೆ ಅಲ್ಲಿ ಹುಳದ ಸದ್ದಿನ ನಡುವೆ ಇಡೀ ಕಣ್ಣಿಗೆ ಬಂತು. ಅಜ್ಜಿಯ ಬೆರಳು ಕೆಂಪು ಲೋಟದ ಹತ್ತಿರ ಬಂದಿತ್ತು. ಪಕ್ಕದಲ್ಲಿ ಹಿರಿಯರ ಮೊಣಕೈ ಸ್ವಲ್ಪ ಬಿಗಿಯಿತು. ನನ್ನ ಎಡಗೈ ತಾನಾಗಿಯೇ ತಟ್ಟೆಯನ್ನು ಅರ್ಧ ಸುತ್ತು ತಿರುಗಿಸಿತು, ಹಳದಿ ಅಜ್ಜಿಯ ಮುಂದೆ ಬಂತು. ಯಾರೂ ಹೇಳಿಕೊಟ್ಟಿರಲಿಲ್ಲ. ನಮ್ಮ ಕಡೆ ಹಳ್ಳಿಯ ಹೋಟೆಲುಗಳಲ್ಲಿ ಊರಿನವರಿಗೊಂದು ಲೋಟ, ಕೇರಿಯವರಿಗೊಂದು ಲೋಟ ಇಡುವುದನ್ನು ಚಿಕ್ಕಂದಿನಿಂದ ನೋಡಿ ಬೆಳೆದ ಕೈ ಅದು. ಅಂಥ ಹೋಟೆಲಿನಲ್ಲಿ ಕಾಲಿಡುವುದಿಲ್ಲ ಎಂದು ಭಾಷಣ ಮಾಡಿದವನು ನಾನು. ಕರ್ತನ ಮೇಜಿನ ಮೇಲೆ ಅದನ್ನೇ ಇಟ್ಟು, ಬಣ್ಣ ಹಚ್ಚಿಸಿ ತಂದಿದ್ದೆ.

ಮುಂದಿನ ಬಸ್ಸಿಗೇ ಹೊರಟೆ. ಮನೆಗೆ ಬಂದವನೇ ಒಲೆಯ ಮೇಲೆ ನೀರು ಕಾಯಿಸಿ, ಒಂದು ಕೆಂಪು ಲೋಟವನ್ನು ಅದರಲ್ಲಿ ಮುಳುಗಿಸಿದೆ. ಅರಗು ಮೆತ್ತಗಾಗಿ ಬೆರಳಿಗೆಲ್ಲ ಅಂಟಿತು. ಹೆಂಡತಿಗೆ ಎಲ್ಲ ಹೇಳಿದೆ. ಅವಳು ನನ್ನ ಬೆರಳಿಗಂಟಿದ ಅರಗನ್ನು ಕೆರೆದು ತೆಗೆದಳು. ಆಮೇಲೆ, "ನಾನೂ ನೋಡಿದ್ದೆ ಕಣ್ರೀ ಅವತ್ತು. ನೋಡಿ ಸುಮ್ಕಿದ್ದೆ" ಎಂದಳು.

ಇಷ್ಟಾದರೂ ನನ್ನ ಬುದ್ಧಿ ನೋಡಿ. ಶುಕ್ರವಾರ ಹಿರಿಯರು ಶಿಫ್ಟು ಮುಗಿಸಿ ಬಂದಾಗ ಆಲಯದಲ್ಲಿ ಹಿಡಿದು ಕೂರಿಸಿದೆ. ಭಾನುವಾರ ನಾನು ಸಭೆಯ ಮುಂದೆ ನನ್ನ ತಪ್ಪು ಒಪ್ಪಿಕೊಳ್ಳುತ್ತೇನೆ ಎಂದಷ್ಟೇ ಹೇಳಬೇಕಿತ್ತು. ಹೇಳಿದ್ದು ಬೇರೆ. "ನೀವು ಮುಜುಗರ ಅಂದಿದ್ದಕ್ಕೆ ತಾನೆ ಈ ದರಿದ್ರ ಲೋಟ ಬಂದಿದ್ದು?"

ಹಿರಿಯರ ಮುಖ ಕೆಂಪಾಯಿತು. "ನನ್ನ ಹೆಸ್ರು ಎತ್ತಿದ್ರೆ ಸರಿ ಇರಾಕಿಲ್ಲ. ಜಾಗ ಯಾರ್ದು, ಶೀಟು ಯಾರ್ದು, ನೆನಪೈತಾ?"

"ಕಿತ್ಕೊಂಡು ಹೋಗ್ರೀ ನಿಮ್ಮ ಶೀಟು! ಹೊಂಗೆ ಮರದ ಕೆಳಗೆ ಕೂತು ಹಾಡ್ತೀವಿ!"

ಅವರು ಎದ್ದು ಹೋದರು. ನಾನು ಉರಿಯುತ್ತ ಮನೆಗೆ ಬಂದೆ. ಹೆಂಡತಿ ಕೇಳಿ, "ಪಶ್ಚಾತ್ತಾಪ ಪಡಾಕೆ ಓಗಿ ಜಗಳ ಆಡ್ಕಂಡು ಬಂದ್ರಾ? ಭೇಷ್!" ಎಂದಳು. ನನಗೆ ನಗು ಬಂತು, ಜೊತೆಗೆ ನಾಚಿಕೆಯೂ ಆಯಿತು. ಮೂರು ವಾರ ಊರಿನವರ ಪಾಪ ಪಟ್ಟಿ ಮಾಡಿದವನು, ಈಗ ಹಿರಿಯರ ಪಾಪವನ್ನು ಹಿಡಿದುಕೊಂಡಿದ್ದೆ. ನನ್ನದನ್ನು ಮುಟ್ಟಿಯೇ ಇರಲಿಲ್ಲ. ಅವರು ಲೋಟ ಕೇಳಿದ್ದು ಅವರ ಲೆಕ್ಕ. ತಟ್ಟೆ ತಿರುಗಿಸಿದ ಕೈ ನನ್ನದು.

ಶನಿವಾರ ಬೆಳಿಗ್ಗೆ ಅವರ ಮನೆಗೆ ಹೋದೆ. ಬಾಗಿಲಲ್ಲೇ ನಿಂತು, "ನಿನ್ನೆ ಬಾಯಿಗೆ ಬಂದ ಹಾಗೆ ಮಾತಾಡಿದೆ. ತಪ್ಪಾಯ್ತು. ನಾಳೆ ನಿಮ್ಮ ಹೆಸರು ನನ್ನ ಬಾಯಲ್ಲಿ ಬರೋದಿಲ್ಲ. ನಂದು ಮಾತ್ರ ಹೇಳ್ತೀನಿ. ಜಾಗ ಖಾಲಿ ಮಾಡಿ ಅಂದ್ರೆ ಮಾಡ್ತೀನಿ" ಎಂದೆ. ಅವರು ಬೆನ್ನು ತಿರುಗಿಸಿ ಬೈಕು ಒರೆಸತೊಡಗಿದರು. ಒಳಗಿನಿಂದ ಅವರ ಹೆಂಡತಿ ಬಾಗಿಲ ಸಂದಿಯಲ್ಲಿ ನಿಂತು ಕೇಳಿಸಿಕೊಂಡದ್ದು ಮಾತ್ರ ಕಂಡಿತು. ಅಂದು ಸಂಜೆ ಎಲ್ಲ ಮನೆಗಳಿಂದ ಆ ಪಟ್ಟಿಗಳನ್ನು ವಾಪಸು ತರಿಸಿಕೊಂಡು ಹರಿದುಹಾಕಿದೆ. ಉಳಿದ ಒಂದು ದಿನ ಅವರವರು ಅವರವರ ಹೃದಯವನ್ನು ನೋಡಿಕೊಂಡು ಪ್ರಾರ್ಥಿಸಲಿ ಎಂದೆ.

ಭಾನುವಾರ. ಆಲಯ ತುಂಬಿತ್ತು. ಹಿರಿಯರು ಬಾಗಿಲ ಪಕ್ಕ ಕೈಕಟ್ಟಿ ಕೂತಿದ್ದರು. ಮೇಜಿನ ಮೇಲೆ ರೊಟ್ಟಿ, ಒಣದ್ರಾಕ್ಷಿ ಕುದಿಸಿ ಸೋಸಿದ ರಸ ತುಂಬಿದ ಎರಡು ಬಾಟಲಿ, ತಟ್ಟೆಯಲ್ಲಿ ಕೆಂಪು ಹಳದಿ ಲೋಟಗಳು. ನಾನು ಬೋಧನೆಗೆ ಹಾಳೆ ತಂದಿರಲಿಲ್ಲ. ತಟ್ಟೆಯನ್ನು ಎತ್ತಿ ಹಿಡಿದೆ. ಲೋಟಗಳು ಒಂದಕ್ಕೊಂದು ತಾಗಿ ಕಟಕಟ ಅಂದವು.

"ಇದು ಶುಚಿಗೆ ಅಂತ ಹೇಳಿದ್ದೆ. ಸುಳ್ಳು. ಇದನ್ನ ಬಿಸಿನೀರಲ್ಲಿ ತೊಳೆಯೋಕೂ ಆಗಲ್ಲ ಅಂತ ಮೊದಲೇ ಗೊತ್ತಿತ್ತು. ಈ ಸಭೆ ಯಾರ ಜಗಲಿಯಲ್ಲಿ ಹುಟ್ಟಿತೋ ಆ ಅಜ್ಜಿ ಒಂದು ದಿನ ಕೆಂಪು ಲೋಟಕ್ಕೆ ಕೈ ನೀಡಿದರು. ನಾನು ತಟ್ಟೆ ತಿರುಗಿಸಿದೆ. ಹೀಗೆ." ತಿರುಗಿಸಿ ತೋರಿಸಿದೆ. "ಆಮೇಲೆ ಅವರ ಹೃದಯ ಕಠಿಣ ಅಂತ ನಿಮ್ಮ ಕೈಲಿ ಪ್ರಾರ್ಥನೆ ಮಾಡಿಸಿದೆ. ಕರ್ತನೇ, ಕಠಿಣವಾಗಿದ್ದದ್ದು ನನ್ನ ಹೃದಯ."

ಶೀಟಿನ ಮೇಲೆ ಕಾಗೆ ನಡೆಯುವ ಸದ್ದು ಕೇಳುತ್ತಿತ್ತು. ಹಿರಿಯರು ದಡಕ್ಕನೆ ಎದ್ದು ಹೊರಗೆ ಹೋದರು. ಬೈಕು ಸ್ಟಾರ್ಟ್ ಆಯಿತು. ಮುಗಿಯಿತು, ಇನ್ನು ಮರದ ಕೆಳಗೇ ಗತಿ ಎಂದುಕೊಂಡೆ.

ಆಗ ಅವರ ಹೆಂಡತಿ ಎದ್ದು ನಿಂತರು. ಸೆರಗಿನ ತುದಿ ಹಿಂಡುತ್ತ, "ಮುಜುಗರ ಅಂದಿದ್ದು ಯಜಮಾನ್ರು ಅಲ್ಲ. ನಾನು. ನಾನೇ ಅವ್ರ ಕಿವಿ ಕಚ್ಚಿದ್ದು. ಆಯಮ್ಮ ಕುಡ್ದ ಲೋಟದಲ್ಲಿ ಕುಡಿಯಕ್ಕೆ ನಂಗೆ ಆಗ್ತಿರ್ಲಿಲ್ಲ" ಎಂದು ಅಲ್ಲೇ ಕುಸಿದು ಕೂತು ಅತ್ತರು. ಅವರ ಅಳು ನಿಲ್ಲುವ ಮೊದಲೇ ಎರಡನೇ ಬೆಂಚಿನಲ್ಲಿ ಒಬ್ಬ ಆಪರೇಟರ್ ಎದ್ದ. ಲೈನಿನಲ್ಲಿ ಮಾಲು ಕೆಡಿಸಿದ್ದು ತಾನು, ಇನ್ನೊಬ್ಬನ ಮೇಲೆ ಹೊರಿಸಿದ್ದೆ ಎಂದ. ಆ ಇನ್ನೊಬ್ಬ ಹಿಂದಿನ ಬೆಂಚಿನಲ್ಲೇ ಇದ್ದ! ಬೆಂಚು ಹಾರಿ ಬಂದು ತಬ್ಬಿಕೊಂಡ. ಒಬ್ಬ ಅತ್ತೆ ತನ್ನ ಸೊಸೆಯ ಕೈ ಹಿಡಿದಳು. ನನ್ನ ಹೆಂಡತಿ ಎದ್ದು, ಕಂಡೂ ಸುಮ್ಮನಿದ್ದ ತನ್ನ ತಪ್ಪನ್ನು ಹೇಳಿದಳು. ಯಾರೂ ಯಾರ ಹೆಸರನ್ನೂ ಎತ್ತಲಿಲ್ಲ, ಎಲ್ಲರೂ ತಮ್ಮದನ್ನೇ ಹೇಳಿಕೊಂಡರು. ಮೂರು ವಾರ ಫೋನು ಹಿಡಿದು ಕಾದದ್ದು ಇದಕ್ಕೇ, ಇದಕ್ಕೇ! ಉಜ್ಜೀವನ ಬಂದಿತ್ತು, ಆ ತಗಡಿನ ಶೀಟಿನ ಕೆಳಗೇ ಬಂದಿತ್ತು.

ಭೋಜನಕ್ಕೆ ರೊಟ್ಟಿ ಎತ್ತಿಕೊಂಡೆ. ಮುರಿಯಲು ಕೈ ಬರಲಿಲ್ಲ. ಯಾರ ಮುಂದೆ ತಟ್ಟೆ ತಿರುಗಿಸಿದೆನೋ ಅವರೇ ಇಲ್ಲ. ಇಲ್ಲಿ ಅತ್ತು ಅಲ್ಲಿ ಬಿಟ್ಟರೆ ಇದಕ್ಕೆ ಏನು ಅರ್ಥ? ರೊಟ್ಟಿಯನ್ನು ಬಟ್ಟೆಯಲ್ಲಿ ಸುತ್ತಿದೆ. "ಇಲ್ಲಿ ಬೇಡ. ದೊಡ್ಡಆಲಹಳ್ಳಿಗೆ ಹೋಗೋಣ. ಅಜ್ಜಿ ಬಾಗಿಲು ತೆಗೆದರೆ ಅಲ್ಲಿ ಮುರಿಯೋಣ, ತೆಗೆಯದಿದ್ದರೆ ಹಸಿದು ವಾಪಸು ಬರೋಣ."

ಒಬ್ಬ ವಿಶ್ವಾಸಿ ಗೂಡ್ಸ್ ಟೆಂಪೋ ಓಡಿಸುತ್ತಿದ್ದ. "ಹತ್ರಪ್ಪ, ಹತ್ರೀ, ತಡ ಯಾಕೆ!" ಎಂದು ಹಿಂಬಾಗಿಲು ಬಿಚ್ಚಿದ. ಹೆಂಗಸರು, ಗಂಡಸರು, ಮಕ್ಕಳು ಎಲ್ಲ ತುಂಬಿಕೊಂಡೆವು. ಹಿರಿಯರ ಹೆಂಡತಿ ಡ್ರೈವರ್ ಪಕ್ಕದ ಸೀಟು ಬೇಡ ಎಂದು ಹಿಂದೆಯೇ ನಿಂತರು. ಹಾಡು ಹಾಡಿಕೊಂಡು ಕನಕಪುರ ದಾಟಿದೆವು. ಪೇಟೆಯ ಜನ ಯಾವ ಮದುವೆ ದಿಬ್ಬಣವೋ ಎಂದು ನೋಡುತ್ತಿದ್ದರು. ಊರು ಹತ್ತಿರ ಬಂದಾಗ ಹೆಂಡತಿ ನನ್ನ ಪಕ್ಕೆ ತಿವಿದಳು. "ರಸ ಐತೆ, ರೊಟ್ಟಿ ಐತೆ. ಕುಡಿಯೋದು ಯಾತ್ರಲ್ಲಿ?" ಆ ಬಣ್ಣದ ಲೋಟಗಳನ್ನು ಯಾರೂ ಮುಟ್ಟಿರಲಿಲ್ಲ. ಬೇರೊಂದು ತರಬೇಕು ಎಂದು ನನಗೆ ಹೊಳೆದೇ ಇರಲಿಲ್ಲ.

ಅಜ್ಜಿ ಹುಳದ ಮನೆಯ ಬಾಗಿಲಲ್ಲಿ ಸೊಪ್ಪಿನ ಕುಕ್ಕೆ ಹಿಡಿದು ನಿಂತಿದ್ದರು. ಟೆಂಪೋದಿಂದ ಇಳಿಯುತ್ತಿದ್ದ ಜಾತ್ರೆ ನೋಡಿ, "ಏನಯ್ಯಾ ಇದು, ಯಾರಾರ ಸತ್ರಾ?" ಎಂದರು. ನಾನು ಹತ್ತಿರ ಹೋದೆ. ದಾರಿಯುದ್ದಕ್ಕೂ ಜೋಡಿಸಿಕೊಂಡ ಮಾತು ಒಂದೂ ಬರಲಿಲ್ಲ. "ತಟ್ಟೆ ತಿರುಗಿಸಿದ್ದು ನಿಜ ಅಜ್ಜಿ. ಗೊತ್ತಿದ್ದೇ ತಿರುಗಿಸಿದೆ. ತಪ್ಪಾಯ್ತು" ಎಂದು ಮಣ್ಣಿನಲ್ಲೇ ಮಂಡಿಯೂರಿದೆ. ಹಿರಿಯರ ಹೆಂಡತಿ ನನ್ನ ಪಕ್ಕದಲ್ಲಿ ಬಂದು ಕೂತರು.

ಅಜ್ಜಿ ನಮ್ಮಿಬ್ಬರನ್ನೂ ನೋಡಿದರು. "ಎಂಟು ತಿಂಗ್ಳು" ಎಂದರು. "ಎಂಟು ತಿಂಗ್ಳು ಸಂಕಟ ಪಟ್ಟಿವ್ನಿ ಕಣಯ್ಯ. ಹನ್ನೊಂದು ಗಂಟೆಗೆ ನಿಮ್ಮ ಹೆಸ್ರು ಎತ್ಕಂಡು ಪ್ರಾರ್ಥನೆ ಮಾಡೋವಾಗ ಒಂದೊಂದಿನ ನಾಲ್ಗೆ ಹೊರಳ್ತಿರ್ಲಿಲ್ಲ." ಕಣ್ಣೊರೆಸಿಕೊಂಡು ಕುಕ್ಕೆಯನ್ನು ಹಿರಿಯರ ಹೆಂಡತಿಯ ಕೈಗಿಟ್ಟರು. "ಏಳವ್ವ. ಮೊದ್ಲು ಹುಳಕ್ಕೆ ಹಾಕವ, ಅವು ಹಸ್ದವೆ. ಕೈ ಅದ್ದಿ ಬನ್ನಿ ಎಲ್ಲಾರೂವೆ."

ಸಭೆಯೆಲ್ಲ ಒಂದೇ ಬೋಗುಣಿಗೆ ಕೈ ಅದ್ದಿ, ಭಾನುವಾರದ ಬಟ್ಟೆಯಲ್ಲೇ ಹುಳಕ್ಕೆ ಸೊಪ್ಪು ಹಾಕಿತು. ನಾಲ್ಕೂ ಮನೆಯವರು ಬಂದು ಸೇರಿದರು. ಆಮೇಲೆ ಅದೇ ಹಳೆಯ ಜಗಲಿಯ ಮೇಲೆ ರೊಟ್ಟಿ ಮುರಿದು ಹಂಚಿದೆ. ರಸದ ಬಾಟಲಿ ಹಿಡಿದು ಅಜ್ಜಿಯ ಮುಖ ನೋಡಿದೆ. ಅವರು ನಕ್ಕು ಒಳಗೆ ಹೋಗಿ ಸ್ಟೀಲ್ ಲೋಟ ತಂದರು. ಬೆಳಗಿ ಇಟ್ಟಿದ್ದರು, ಥಳಥಳ ಹೊಳೆಯುತ್ತಿತ್ತು.

ಮೊದಲು ಅಜ್ಜಿಗೇ ಕೊಟ್ಟೆ. ಕುಡಿದರು! ಎಂಟು ತಿಂಗಳ ಮೇಲೆ ಕುಡಿದರು. ಹಿರಿಯರ ಹೆಂಡತಿ ತಾವೇ ಕೈ ನೀಡಿ, ಅಜ್ಜಿ ಕುಡಿದ ಕಡೆಯಿಂದಲೇ ಒಂದು ಗುಟುಕು ಕುಡಿದರು. ಅಷ್ಟರಲ್ಲಿ ಬೈಕಿನ ಸದ್ದು. ನಾವು ಇಲ್ಲಿಗೆ ಬಂದ ಸುದ್ದಿ ಯಾರು ಮುಟ್ಟಿಸಿದರೋ, ಹಿರಿಯರು ಬೇಲಿಯ ಹತ್ತಿರ ನಿಂತಿದ್ದರು. ಹೆಲ್ಮೆಟ್ಟು ತೆಗೆದಿರಲಿಲ್ಲ. ಒಳಗೂ ಬರರು, ಹೋಗಲೂ ಆರರು. ನಾನು ಎದ್ದು ಕರೆಯಲು ಹೋದೆ, ಅಜ್ಜಿ ತಡೆದರು. ಲೋಟ ಇಸಿದುಕೊಂಡು ತಾವೇ ಬೇಲಿಯ ಹತ್ತಿರ ನಡೆದರು.

"ತಗಳಪ್ಪ. ಬಿಸ್ಲಲ್ಲಿ ಬಂದಿದ್ದೀಯ, ಗಂಟ್ಲು ಒಣಗಿರ್ತದೆ."

ಹಿರಿಯರು ಹೆಲ್ಮೆಟ್ಟು ತೆಗೆದರು. ಲೋಟ ನೋಡಿದರು, ಹೆಂಡತಿಯನ್ನು ನೋಡಿದರು, ಅಜ್ಜಿಯನ್ನು ನೋಡಿದರು. ಎರಡೂ ಕೈಯಲ್ಲಿ ಲೋಟ ಹಿಡಿದು ಕಣ್ಣು ಮುಚ್ಚಿ ಎತ್ತಿದರು. ಗಟಗಟ ಗಟಗಟ. ಒಂದು ತೊಟ್ಟು ಬಿಡದೆ ಪೂರ್ತಿ ಕುಡಿದುಬಿಟ್ಟರು.

"ಅಯ್ಯೋ ಶಿವನೇ, ಹಿಂದಿನೋರ್ಗೆ ಒಸಿ ಬುಡಪ್ಪಾ!" ಎಂದರು ಅಜ್ಜಿ.

ಯಾರು ಮೊದಲು ನಕ್ಕರೋ ಗೊತ್ತಿಲ್ಲ. ಇಡೀ ಜಗಲಿ ನಕ್ಕಿತು. ಹಿರಿಯರು ನಗುತ್ತಲೇ ಅಳುತ್ತಿದ್ದರು. ನನಗೆ ಅಲ್ಲೇ ಕುಣಿಯಬೇಕು ಅನ್ನಿಸಿತು, ಹೆಂಡತಿ ಅಂಗಿ ಹಿಡಿದು ಕೂರಿಸಿದಳು. ಅಜ್ಜಿ ಖಾಲಿ ಲೋಟ ಹಿಡಿದು ನನ್ನ ಹತ್ತಿರ ಬಂದರು. ಎರಡನೇ ಬಾಟಲಿ ಬಿಚ್ಚಿದೆ. ಅಜ್ಜಿ ತುಂಬಿಸಿಕೊಂಡು ಹಿಂದಿನ ಸಾಲಿನವರ ಕಡೆ ನಡೆದರು. ಲೋಟ ತೊಳೆಯಲಿಲ್ಲ.